‘ತಂಗಲಾನ್’ ಮತ್ತು ಮಾರಿಕುಪ್ಪಂನ ಬೌದ್ಧ ಚರಿತ್ರೆ: ಪಾ. ರಂಜಿತ್ ಅವರ ಸಿನಿಮಾಯಾನದ ಒಂದು ಓದು

ಪಾ. ರಂಜಿತ್ ಅವರನ್ನು ನಿರ್ದೇಶಕರೆಂದಷ್ಟೇ ನೋಡಿದರೆ, ಕೋಲಾರದ ಚಿನ್ನದ ಹುಡುಕಾಟವನ್ನು ಕಥೆಯಾಗಿಸಿಕೊಂಡು 2024ರ ಆಗಸ್ಟ್ 15ರಂದು ತೆರೆಕಂಡ ‘ತಂಗಲಾನ್’ ಪೂರ್ತಿಯಾಗಿ ದಕ್ಕುವುದಿಲ್ಲ. ಚೆನ್ನೈನ ಸರ್ಕಾರಿ ಲಲಿತಕಲಾ ಕಾಲೇಜಿನಲ್ಲಿ ಕಲಿತ ಅವರು 2012ರ ‘ಅಟ್ಟಕತ್ತಿ’ಯಿಂದ ನಿರ್ದೇಶನಕ್ಕಿಳಿದರು. ‘ಮದ್ರಾಸ್’ (2014), ‘ಕಾಲಾ’ (2018), ‘ಸಾರ್ಪಟ್ಟಾ ಪರಂಬರೈ’ (2021) ಚಿತ್ರಗಳಲ್ಲಿ ದುಡಿಯುವ ಜನರ ಗೋಡೆ, ನೆಲ, ಗರಡಿಗಳ ಚರಿತ್ರೆಯನ್ನು ಕಟ್ಟುತ್ತ ಬಂದರು. ಇದರ ಜೊತೆಜೊತೆಗೇ ನೀಲಂ ಸಾಂಸ್ಕೃತಿಕ ಕೇಂದ್ರ, ಅದರ ಪ್ರಕಾಶನ, ಸಿನಿಮಾ ಓದಿಗೆಂದೇ ‘ಕೂಗೈ’ ಗ್ರಂಥಾಲಯ ರೂಪುಗೊಂಡವು. ಅವರು ಬೆಳೆಸಿದ ‘ಕ್ಯಾಸ್ಟ್‌ಲೆಸ್ ಕಲೆಕ್ಟಿವ್’ ಗಾಯನ ತಂಡದ ಹೆಸರಿನ ಮೂಲ, ಪಂಡಿತ ಅಯೋತಿದಾಸರ ‘ಜಾತಿಯಿಲ್ಲದ ತಮಿಳರು’ ಎಂಬ ಪರಿಕಲ್ಪನೆ. ಈ ಹಿನ್ನೆಲೆಯಲ್ಲಿ ನೋಡಿದಾಗ, ‘ತಂಗಲಾನ್’ನಲ್ಲಿ ಕೇವಲ ಕಲ್ಪನೆಯೆಂದು ತೋರುವ ಬೌದ್ಧ ಎಳೆಯೇ ಕೋಲಾರ ಚಿನ್ನದ ಗಣಿಯ ದಾಖಲೆಗೆ ತೀರ ಹತ್ತಿರವಾಗಿದೆ ಎಂಬುದು ನನ್ನ ವಾದ.

ಅಯೋತಿದಾಸರು 1898ರಲ್ಲಿ ಶಾಕ್ಯ ಬೌದ್ಧ ಸಂಘವನ್ನು ಕಟ್ಟಿದರು. 1907ರಲ್ಲಿ ಚೆನ್ನೈನಿಂದ, ಮುಂದೆ ‘ತಮಿಳನ್’ ಎಂದು ಹೆಸರಾದ ವಾರಪತ್ರಿಕೆ ಆರಂಭಿಸಿದರು. ಸಂಘದ ಗಟ್ಟಿ ನೆಲೆಗಳಲ್ಲೊಂದು ಕೋಲಾರ ಚಿನ್ನದ ಗಣಿ ಪ್ರದೇಶದ ಮಾರಿಕುಪ್ಪಂ. 1880ರಲ್ಲಿ ಜಾನ್ ಟೇಲರ್ ಕಂಪನಿ ಕಾಲಿಟ್ಟ ಮೇಲೆ ಉತ್ತರ ಆರ್ಕಾಟಿನ ದಲಿತ ಕುಟುಂಬಗಳು ದೊಡ್ಡ ಸಂಖ್ಯೆಯಲ್ಲಿ ಗಣಿಗೆ ಬಂದವು. ಜೋಲಾರ್‌ಪೇಟೆಯಿಂದ ಬೆಂಗಳೂರಿಗೆ ಹೋಗುವ ರೈಲುದಾರಿಯಲ್ಲಿ ಬಂಗಾರಪೇಟೆಯೇ ಗಣಿಯ ಹೆಬ್ಬಾಗಿಲಾಯಿತು. ಅಲ್ಲಿಂದ ಕವಲೊಡೆದ ಹಳಿ ಮಾರಿಕುಪ್ಪಂವರೆಗೆ ಹೋಗುತ್ತದೆ. ಹೀಗೆ ಬಂದವರ ನಡುವೆ ಸಂಬಳ, ಸಾಲಗಳ ಚಿಂತೆಯ ಜೊತೆಗೆ ಧರ್ಮ, ಚರಿತ್ರೆಗಳ ಚರ್ಚೆಯೂ ನಡೆಯುತ್ತಿತ್ತು. 1914ರಲ್ಲಿ ಅಯೋತಿದಾಸರು ತೀರಿಕೊಂಡರು. ಮುಂದೆ ನಿಂತುಹೋಗಿದ್ದ ‘ತಮಿಳನ್’ ಪತ್ರಿಕೆಗೆ 1926ರಲ್ಲಿ ಜಿ. ಅಪ್ಪಾದುರೈಯಾರ್ ಮರುಜೀವ ಕೊಟ್ಟದ್ದು ಗಣಿಯೂರಿನಿಂದಲೇ. ಬಂಡೆ ಕೊರೆದ ಕೈಗಳ ನಡುವೆಯೇ ಅಚ್ಚಿನ ಮೊಳೆ ಜೋಡಿಸುವ ಕೈಗಳೂ ಇದ್ದವು. ಚಿತ್ರದಲ್ಲಿ ಬರುವ ರುಂಡವಿಲ್ಲದ ಬುದ್ಧಮೂರ್ತಿಯನ್ನು ಈ ಓದು, ಬರಹಗಳ ಪರಂಪರೆಯ ಪಕ್ಕದಲ್ಲಿಟ್ಟು ನೋಡಬೇಕು.

ನನ್ನ ಈ ವಾದಕ್ಕೆ ಎರಡು ಬಲವಾದ ಆಕ್ಷೇಪಗಳಿವೆ. ಮೊದಲನೆಯದು ಕಾಲದ್ದು: ಕಥೆ ಹತ್ತೊಂಬತ್ತನೆಯ ಶತಮಾನದ ನಡುಭಾಗದಲ್ಲಿ ನಡೆಯುತ್ತದೆ, ಆದರೆ ಲ್ಯಾವೆಲ್ ಎಂಬ ಮಾಜಿ ಸೈನಿಕ ಇಲ್ಲಿ ಗಣಿ ಪರವಾನಗಿಗೆ ಅರ್ಜಿ ಹಾಕಿದ್ದೇ 1873ರಲ್ಲಿ. ಇದು ನಿಜ, ತೇದಿಗಳಿಗಾಗಿ ಈ ಚಿತ್ರವನ್ನು ಆಧಾರವಾಗಿ ಬಳಸುವಂತಿಲ್ಲ. ಆದರೆ ಸೋತವರು ತಮ್ಮ ಹಿಂದಣವನ್ನು ಹೇಗೆ ಮರಳಿ ಪಡೆಯುತ್ತಾರೆಂಬ ಪ್ರಶ್ನೆಯನ್ನು ಅಯೋತಿದಾಸರೂ ಪುರಾಣ, ಜನಶ್ರುತಿಗಳನ್ನು ಮರು ಓದಿಯೇ ಎತ್ತಿಕೊಂಡಿದ್ದರು. ರಂಜಿತ್ ಅನುಸರಿಸಿದ್ದು ಅದೇ ವಿಧಾನವನ್ನು. ಎರಡನೆಯ ಆಕ್ಷೇಪ ಇನ್ನೂ ತೂಕದ್ದು: 1802ರಲ್ಲಿ ಬ್ರಿಟಿಷ್ ಅಧಿಕಾರಿ ಲೆಫ್ಟಿನೆಂಟ್ ವಾರನ್‌ನ ಮುಂದೆ ಗಾಡಿಗಳಲ್ಲಿ ಮಣ್ಣು ತಂದು, ನೀರಿನಲ್ಲಿ ಜಾಲಿಸಿ ಚಿನ್ನದ ಕಣ ತೋರಿಸಿದವರು ಊರಿಗಾಂ ಸೀಮೆಯ ಹಳ್ಳಿಗರು. ಆ ಸ್ಥಳೀಯರ ಅರಿವಿಗೆ ಚಿತ್ರದಲ್ಲಿ ಸಾಕಷ್ಟು ಜಾಗವಿಲ್ಲ. ಈ ಕೊರತೆಯನ್ನು ಒಪ್ಪಲೇಬೇಕು. ಆದರೂ ಚಿನ್ನದ ಅರಿವು ಬಿಳಿಯ ಅಧಿಕಾರಿಯದಲ್ಲ, ಮಣ್ಣು ಮುಟ್ಟಿದವರದು ಎಂಬ ಚಿತ್ರದ ನಿಲುವನ್ನು ವಾರನ್ ಪ್ರಸಂಗ ಬಲಪಡಿಸುತ್ತದೆಯೇ ಹೊರತು ಅಲ್ಲಗಳೆಯುವುದಿಲ್ಲ.

2018 ಮತ್ತು 2022ರ ‘ಕೆ.ಜಿ.ಎಫ್.’ ಚಿತ್ರಗಳು ಗಣಿಯ ಹೆಸರನ್ನು ದೇಶಕ್ಕೆಲ್ಲ ತಲುಪಿಸಿದವು. ಅಲ್ಲಿ ಕಾರ್ಮಿಕರು ನಾಯಕನಿಗಾಗಿ ಕಾಯುವ ಗುಂಪು. ಹೆಬ್ಬೆಟ್ಟಿನ ಗುರುತು ಕೊಟ್ಟು ನೋಂದಾಯಿಸಿಕೊಳ್ಳಬೇಕೆಂಬ ನಿಯಮದ ವಿರುದ್ಧ 1930ರಲ್ಲಿ ಮುಷ್ಕರ ಹೂಡಿದ ಕಾರ್ಮಿಕರು ಯಾರಿಗಾಗಿಯೂ ಕಾದು ಕೂತವರಲ್ಲ. ರಂಜಿತ್ ಈ ಸಂಘಟಿತ ಹೋರಾಟದವರೆಗೆ ಬರಲಿಲ್ಲ, ಆದರೆ ಅದರ ಹಿಂದಿದ್ದ ಆತ್ಮಗೌರವದ ಬೇರನ್ನು ಗುರುತಿಸಿದರು. ಗಣಿ 2001ರಲ್ಲಿ ಮುಚ್ಚಿದೆ. ಕೋಲಾರದ ಚರಿತ್ರೆ ಬರೆಯುವ ಕನ್ನಡದ ವಿದ್ವಾಂಸರು ಕಂಪನಿಯ ಕಡತಗಳಷ್ಟೇ ಶ್ರದ್ಧೆಯಿಂದ ಮಾರಿಕುಪ್ಪಂನ ತಮಿಳು ಬೌದ್ಧ ಪ್ರಕಟಣೆಗಳನ್ನೂ ಸಂಗ್ರಹಿಸಿ, ಅನುವಾದಿಸಿ, ಓದಬೇಕು. ಅವಿಲ್ಲದೆ ಈ ಜಿಲ್ಲೆಯ ಬೌದ್ಧಿಕ ಚರಿತ್ರೆ ಪೂರ್ಣವಾಗುವುದಿಲ್ಲ.