ಪಾತ್ರವಲ್ಲ, ಮನುಷ್ಯ

ಕಥಾಚಿತ್ರದಲ್ಲಿ ರೋಗಿಯ ಪಾತ್ರ ಮಾಡಿದ ನಟ ಚಿತ್ರೀಕರಣ ಮುಗಿದ ಮೇಲೆ ವೇಷ ಕಳಚಿ ಮನೆಗೆ ಹೋಗುತ್ತಾನೆ. ಆದರೆ ನಿಜವಾದ ರೋಗಿಯೇ ತೆರೆಯ ಮೇಲೆ ಬಂದರೆ? ಅವನಿಗೆ ಕಳಚಿಡಲು ವೇಷವೇ ಇಲ್ಲ. ಈ ಪ್ರಶ್ನೆ ಒಮ್ಮೆ ಅಮೆರಿಕದಲ್ಲಿ ನ್ಯಾಯಾಲಯದ ಮೆಟ್ಟಿಲೇರಿತು.

ಹಿನ್ನೆಲೆಯನ್ನು ಮೊದಲು ನೋಡೋಣ. 1960ರ ಸುಮಾರಿಗೆ ಹೆಗಲ ಮೇಲೆ ಹೊರಬಹುದಾದ 16 ಮಿಲಿಮೀಟರ್ ಕ್ಯಾಮೆರಾ ಮತ್ತು ಚಿತ್ರಕ್ಕೆ ಸರಿಹೊಂದುವಂತೆ ಧ್ವನಿ ದಾಖಲಿಸುವ ಪುಟ್ಟ ಟೇಪ್ ರೆಕಾರ್ಡರ್ ಬಳಕೆಗೆ ಬಂದವು. ಇಬ್ಬರು ಮೂವರು ಒಂದು ಮೂಲೆಯಲ್ಲಿ ನಿಂತು, ನಡೆಯುವುದನ್ನು ನಡೆದಂತೆಯೇ ಸೆರೆಹಿಡಿಯುವುದು ಸಾಧ್ಯವಾಯಿತು. ನಿರೂಪಣೆಯಿಲ್ಲ, ಸಂದರ್ಶನವಿಲ್ಲ. ಇದೇ ವೀಕ್ಷಣಾತ್ಮಕ ಸಾಕ್ಷ್ಯಚಿತ್ರ.

ಕಾನೂನು ಓದಿದ್ದ ಫ್ರೆಡರಿಕ್ ವೈಸ್‌ಮನ್ 1966ರಲ್ಲಿ ಮ್ಯಾಸಚೂಸೆಟ್ಸ್ ರಾಜ್ಯದ ಬ್ರಿಡ್ಜ್‌ವಾಟರ್‌ಗೆ ಹೋದರು. ಅಲ್ಲಿದ್ದುದು ಮಾನಸಿಕ ಅಸ್ವಸ್ಥರಾದ ಅಪರಾಧಿಗಳನ್ನೂ ಆರೋಪಿಗಳನ್ನೂ ಇರಿಸುವ ಸರಕಾರಿ ಆಸ್ಪತ್ರೆ. ಕ್ಯಾಮೆರಾ ಹಿಡಿದವರು ಜಾನ್ ಮಾರ್ಷಲ್. 1967ರಲ್ಲಿ ಬಂದ ಆ ಚಿತ್ರವೇ 84 ನಿಮಿಷಗಳ 'ಟಿಟಿಕಟ್ ಫಾಲೀಸ್'. ಬೆತ್ತಲೆಯಾಗಿ ಬರಿಯ ಕೋಣೆಯಲ್ಲಿ ಅಡ್ಡಾಡುವ ರೋಗಿ, ಅವನನ್ನು ಕೆಣಕುವ ಕಾವಲುಗಾರರು, ಊಟ ಬಿಟ್ಟವನ ಮೂಗಿಗೆ ಕೊಳವೆ ತೂರಿಸುತ್ತಾ ಸಿಗರೇಟು ಸೇದುವ ವೈದ್ಯ—ಎಲ್ಲರೂ ಅಲ್ಲಿ ತಾವಾಗಿಯೇ ಇದ್ದಾರೆ.

ರಾಜ್ಯ ಸರಕಾರ ತಕರಾರು ತೆಗೆಯಿತು. ಒಪ್ಪಿಗೆ ನೀಡುವ ಸ್ಥಿತಿಯಲ್ಲಿಲ್ಲದ ರೋಗಿಗಳ ಖಾಸಗಿತನ ಹಾಳಾಗಿದೆ ಎಂಬುದು ಅದರ ವಾದ. ಚಿತ್ರೀಕರಣಕ್ಕೆ ಅಧಿಕಾರಿಗಳೇ ಅನುಮತಿ ಕೊಟ್ಟಿದ್ದರು, ಅಲ್ಲಿನ ಸ್ಥಿತಿ ಜನರಿಗೆ ತಿಳಿಯಬೇಕು ಎಂಬುದು ನಿರ್ದೇಶಕರ ವಾದ. 1968ರಲ್ಲಿ ನ್ಯಾಯಾಧೀಶರು ಚಿತ್ರವನ್ನು ನಾಶಪಡಿಸಲು ಆದೇಶಿಸಿದರು. 1969ರಲ್ಲಿ ಮೇಲಿನ ನ್ಯಾಯಾಲಯ ಅದನ್ನು ಉಳಿಸಿತು. ಆದರೆ ವೈದ್ಯರು, ವಕೀಲರು, ಸಮಾಜಸೇವಾ ಕಾರ್ಯಕರ್ತರು ಮತ್ತು ಆ ವಿಷಯಗಳ ವಿದ್ಯಾರ್ಥಿಗಳು ಮಾತ್ರ ನೋಡಬಹುದೆಂದು ವಿಧಿಸಿತು. ಸಾರ್ವಜನಿಕ ಪ್ರದರ್ಶನಕ್ಕೆ ಅನುಮತಿ ಸಿಕ್ಕಿದ್ದು 1991ರಲ್ಲಿ.

ಯಾರು ಸರಿ? ರೋಗಿಗಳ ಮಾನ ಕಾಯುವ ಮಾತಿನ ಹಿಂದೆ ಸರಕಾರ ತನ್ನ ಮಾನವನ್ನೂ ಕಾಯುತ್ತಿತ್ತು ಎಂದು ನನಗನ್ನಿಸುತ್ತದೆ. ಆ ಚಿತ್ರವಿಲ್ಲದಿದ್ದರೆ ಗೋಡೆಯಾಚೆಯ ಅಮಾನವೀಯತೆಯನ್ನು ಹೊರಗಿನವರು ಕಣ್ಣಾರೆ ಕಾಣುತ್ತಿರಲಿಲ್ಲ. ಹಾಗೆಂದು ಪ್ರಶ್ನೆ ಸುಳ್ಳಾಗುವುದಿಲ್ಲ. ಬೆತ್ತಲೆ ನಿಂತವನ ಪರವಾಗಿ 'ಹೂಂ' ಎನ್ನುವ ಹಕ್ಕು ಯಾರದು?

ವಿಜ್ಞಾನ ಓದಿದವನಾಗಿ ವೀಕ್ಷಣೆ ಎಂಬ ಪದವನ್ನು ನಾನು ಮೊದಲು ಕಲಿತದ್ದು ಪ್ರಯೋಗಾಲಯದಲ್ಲಿ. ಅಲ್ಲಿ ಪ್ರನಾಳದ ದ್ರವಕ್ಕೆ ನಾಚಿಕೆಯಿಲ್ಲ, ನೆರೆಹೊರೆಯಿಲ್ಲ. ನಿರ್ಮಾಪಕನಾದ ಮೇಲೆ ಚಿತ್ರೀಕರಣಕ್ಕೆ ಮುನ್ನ ಒಪ್ಪಿಗೆ ಪತ್ರಕ್ಕೆ ಸಹಿ ಪಡೆಯುತ್ತೇನೆ. ಕ್ಯಾಮೆರಾ ಓಡುತ್ತದೆಂದು ಸಹಿ ಹಾಕಿದವನಿಗೆ ಗೊತ್ತು. ಎಷ್ಟು ವರ್ಷ, ಯಾರೆಲ್ಲ ನೋಡುತ್ತಾರೆಂದು ಗೊತ್ತಿರುವುದಿಲ್ಲ.

ಇಂದು ಕ್ಯಾಮೆರಾ ನಿಮ್ಮ ಜೇಬಿನಲ್ಲೇ ಇದೆ. ಬಸ್ ನಿಲ್ದಾಣದಲ್ಲಿ ಜಗಳವಾಡುವವರನ್ನೋ ಅಳುವವರನ್ನೋ ಸೆರೆಹಿಡಿಯುವ ಮುನ್ನ ಒಮ್ಮೆ ಕೇಳಿ. ತೆಗೆದದ್ದನ್ನು ಅವರಿಗೇ ತೋರಿಸಿ ಇನ್ನೊಮ್ಮೆ ಕೇಳಿ. ಕೇಳಲಾಗದ ಸ್ಥಿತಿಯಲ್ಲಿ ಅವರಿದ್ದರೆ, ಆ ಚಿತ್ರದಿಂದ ಒಳಿತಾಗುವುದು ಅವರಿಗೋ ನಿಮಗೋ ಎಂದು ಯೋಚಿಸಿ.