ಗಾಯಗಳು ಬದಲಿಸಿದ ಪಟ್ಟಗಳು

ಅರಸುಮನೆತನಗಳ ಚರಿತ್ರೆಯನ್ನು ಓದುವಾಗ ಯಾವ ಅರಸನು ಎಷ್ಟು ವರ್ಷ ಆಳಿದನೆಂಬುದು ಮೊದಲು ಕಣ್ಣಿಗೆ ಬೀಳುತ್ತದೆ. ಆ ಆಳ್ವಿಕೆ ಹೇಗೆ ಕೊನೆಗೊಂಡಿತೆಂಬುದನ್ನು ಹುಡುಕಿ ತಿಳಿಯಬೇಕಾಗುತ್ತದೆ. ವೃತ್ತಿಪರ ಕುಸ್ತಿಯ ಲೋಕದಲ್ಲಿಯೂ ಇಂತಹ ಪಟ್ಟಾವಳಿಗಳಿವೆ. ವಿಶ್ವಪಟ್ಟದ ಬೆಲ್ಟ್ ಯಾರ ಸೊಂಟದಲ್ಲಿ ಎಷ್ಟು ದಿನ ಇತ್ತೆಂಬುದನ್ನು ದಿನಗಳ ಲೆಕ್ಕದಲ್ಲಿ ಬರೆದಿಟ್ಟಿದ್ದಾರೆ. ಆ ಪಟ್ಟಿಗಳನ್ನು ನಿಧಾನವಾಗಿ ಓದಿದರೆ ಒಂದು ಮಾತು ಮತ್ತೆ ಮತ್ತೆ ಎದುರಾಗುತ್ತದೆ: ಗಾಯದ ಕಾರಣ ಪಟ್ಟ ತೆರವಾಯಿತು.

1990ರ ದಶಕದಲ್ಲಿ ಕೇಬಲ್ ಟಿವಿಯ ಜತೆಗೆ ಅಮೆರಿಕದ ಈ ಕುಸ್ತಿ ನಮ್ಮ ಮನೆಗಳ ಜಗಲಿಗೂ ಬಂತು. ಮಕ್ಕಳ ಕೈಯಲ್ಲಿ ಜಟ್ಟಿಗಳ ಚಿತ್ರವಿದ್ದ ಕಾರ್ಡುಗಳು ಓಡಾಡಿದವು. ಎತ್ತರ, ತೂಕ, ಎದೆಯ ಸುತ್ತಳತೆ ಎಲ್ಲವೂ ಅವುಗಳಲ್ಲಿ ಅಚ್ಚಾಗಿದ್ದವು. ಗಾಯಗಳ ಲೆಕ್ಕಕ್ಕೆ ಮಾತ್ರ ಜಾಗವಿರಲಿಲ್ಲ. ‘ಅದೆಲ್ಲ ಸುಳ್ಳು ಹೊಡೆದಾಟ’ ಎಂದು ಹಿರಿಯರು ತಳ್ಳಿಹಾಕುತ್ತಿದ್ದರು. ಒಂದರ್ಥದಲ್ಲಿ ಆ ಮಾತು ಸರಿ. ಯಾರು ಗೆಲ್ಲಬೇಕು, ಪಟ್ಟ ಯಾರಿಗೆ ಸಲ್ಲಬೇಕು ಎಂಬುದನ್ನು ಅಲ್ಲಿ ಮೊದಲೇ ನಿಶ್ಚಯಿಸಿರುತ್ತಾರೆ. ಆದರೆ ಗದಾಯುದ್ಧದ ಕೊನೆಗೆ ಕೌರವನು ಬೀಳುತ್ತಾನೆಂಬುದು ಯಕ್ಷಗಾನದ ಸಭೆಗೆಲ್ಲ ತಿಳಿದಿದ್ದರೂ, ಧಿಗಿಣ ಹಾರುವ ವೇಷಧಾರಿಯ ಮೊಣಕಾಲಿಗೆ ಪ್ರಸಂಗದ ರಕ್ಷಣೆಯಿಲ್ಲವಷ್ಟೆ? ಈ ಕುಸ್ತಿಯ ಮಾತೂ ಹಾಗೆಯೇ.

ಹಳೆಯ ನಿದರ್ಶನವೊಂದಿದೆ. ‘ರಷ್ಯಾದ ಸಿಂಹ’ವೆಂದು ಹೆಸರಾಗಿದ್ದ ಜಾರ್ಜ್ ಹ್ಯಾಕೆನ್‌ಸ್ಮಿತ್, 1908ರಲ್ಲಿ ಶಿಕಾಗೋದಲ್ಲಿ ಫ್ರಾಂಕ್ ಗಾಚ್‌ನಿಗೆ ಸೋತು ವಿಶ್ವಪಟ್ಟವನ್ನು ಕಳೆದುಕೊಂಡಿದ್ದ. 1911ರ ಸೆಪ್ಟೆಂಬರ್ 4ರಂದು ಅದೇ ನಗರದಲ್ಲಿ ಅವರ ಮರುಕಾಳಗ ಏರ್ಪಟ್ಟಿತು. ಅದಕ್ಕೆ ಮೊದಲೇ, ಅಭ್ಯಾಸದ ಸಮಯದಲ್ಲಿ, ಹ್ಯಾಕೆನ್‌ಸ್ಮಿತ್‌ನ ಮೊಣಕಾಲಿಗೆ ಪೆಟ್ಟಾಗಿತ್ತು. ಟಿಕೆಟುಗಳು ಮಾರಾಟವಾಗಿದ್ದವು, ಸಾವಿರಾರು ಜನ ನೆರೆದಿದ್ದರು. ಕಾಳಗ ನಡೆದೇ ಹೋಯಿತು. ಗಾಚ್ ಎರಡು ನೇರ ಸುತ್ತುಗಳಲ್ಲಿ ಗೆದ್ದ. ಆ ಗಾಯದ ಸುತ್ತ ಹುಟ್ಟಿಕೊಂಡ ಕತೆಗಳು ಬಹುಕಾಲ ನಿಲ್ಲಲಿಲ್ಲ. 1916ರಲ್ಲಿ ಗಾಚ್‌ನದೇ ಕಾಲು ಮುರಿಯಿತು.

ಪಿಟ್ಸ್‌ಬರ್ಗಿನ ಬ್ರೂನೊ ಸಮ್ಮಾರ್ಟಿನೋವಿನ ಕತೆ ಇನ್ನೊಂದು ಬಗೆಯದು. ಇಟಲಿಯಿಂದ ವಲಸೆ ಬಂದ ಈ ಜಟ್ಟಿ 1963ರ ಮೇ 17ರಿಂದ 1971ರ ಜನವರಿ 18ರ ವರೆಗೆ 2803 ದಿನ ಪಟ್ಟವನ್ನು ಉಳಿಸಿಕೊಂಡಿದ್ದ. ಎರಡನೆಯ ಆಳ್ವಿಕೆಯ ಕಾಲದಲ್ಲಿ, 1976ರ ಏಪ್ರಿಲ್ 26ರಂದು, ಎದುರಾಳಿ ಸ್ಟಾನ್ ಹ್ಯಾನ್ಸೆನ್ ಎತ್ತಿಹಾಕುವಾಗ ಹಿಡಿತ ತಪ್ಪಿ ಆತನ ಕುತ್ತಿಗೆಯ ಮೂಳೆ ಮುರಿಯಿತು. ಜನರಿಗೆ ತಿಳಿಸಿದ್ದು ಮಾತ್ರ ಬೇರೆ: ಹ್ಯಾನ್ಸೆನ್‌ನ ಭಯಂಕರ ತೋಳಿನ ಹೊಡೆತದಿಂದ ಕುತ್ತಿಗೆ ಮುರಿಯಿತೆಂದು. ನಿಜವಾದ ನೋವನ್ನು ಕತೆ ತನ್ನೊಳಗೆ ಸೇರಿಸಿಕೊಂಡದ್ದು ಹೀಗೆ. ಎರಡೇ ತಿಂಗಳಲ್ಲಿ, ಜೂನ್ 25ರಂದು, ಶಿಯಾ ಕ್ರೀಡಾಂಗಣದಲ್ಲಿ ಅದೇ ಹ್ಯಾನ್ಸೆನ್‌ನೆದುರು ಆತ ಮತ್ತೆ ನಿಂತ. ಪಟ್ಟಾವಳಿಯನ್ನು ನೋಡಿದರೆ ಈ ಮುರಿದ ಕುತ್ತಿಗೆಯ ಸುಳಿವೇ ಇಲ್ಲ. ಆಳ್ವಿಕೆ ಎಡೆಬಿಡದೆ 1977ರ ಏಪ್ರಿಲ್ ವರೆಗೆ ಸಾಗುತ್ತದೆ.

ಒಂದು ಗಾಯ ಇನ್ನೊಂದನ್ನು ಎಳೆದು ತಂದಂತೆ ಪಟ್ಟಗಳು ಕೈಬದಲಾದದ್ದು 2007ರಲ್ಲಿ. ಆ ವರ್ಷದ ಏಪ್ರಿಲ್ 1ರಂದು ಕೆನಡಿ ಎಂಬ ಜಟ್ಟಿ ಒಂದು ಪೆಟ್ಟಿಗೆಯನ್ನು ಗೆದ್ದ. ಒಂದು ವರ್ಷದೊಳಗೆ ಯಾವ ದಿನವಾದರೂ ಚಾಂಪಿಯನ್‌ನನ್ನು ಕಾಳಗಕ್ಕೆ ಕರೆಯುವ ಹಕ್ಕು ಆ ಪೆಟ್ಟಿಗೆಗಿತ್ತು. ಕೆಲವೇ ವಾರಗಳಲ್ಲಿ ಆತನ ತೋಳಿಗೆ ಪೆಟ್ಟಾಯಿತು. ಸ್ನಾಯು ಹರಿದಿದೆ, ತಿಂಗಳುಗಟ್ಟಲೆ ವಿಶ್ರಾಂತಿ ಬೇಕು ಎಂದು ವೈದ್ಯರು ಹೇಳಿದರು. ಪೆಟ್ಟಿಗೆಯನ್ನು ಕೆನಡಾದ ಎಡ್ಜ್‌ನ ಕೈಗೆ ದಾಟಿಸಿದರು. ಅದೇ ಸಮಯಕ್ಕೆ ಚಾಂಪಿಯನ್ ಆಗಿದ್ದ ಅಂಡರ್‌ಟೇಕರ್‌ನ ರಟ್ಟೆಯ ಸ್ನಾಯುವಿಗೆ ಗಾಯವಾಗಿತ್ತು. ಎಡ್ಜ್ ಆ ಹಕ್ಕನ್ನು ಬಳಸಿ ಮೇ ತಿಂಗಳಲ್ಲಿ ಪಟ್ಟವೇರಿದ. ಜುಲೈಯಲ್ಲಿ ಎಡ್ಜ್‌ನ ಎದೆಯ ಸ್ನಾಯು ಹರಿದು ಪಟ್ಟ ತೆರವಾಯಿತು. ಇಪ್ಪತ್ತು ಜನರ ಕಾಳಗ ನಡೆದು ಅದು ಸಂದದ್ದು ಹಿಮಾಚಲ ಪ್ರದೇಶದ ದಲೀಪ್ ಸಿಂಗ್ ರಾಣಾನಿಗೆ, ಎಂದರೆ ಗ್ರೇಟ್ ಖಲಿಗೆ. ಭಾರತದಲ್ಲಿ ಹುಟ್ಟಿದವನೊಬ್ಬ ಆ ಕಂಪೆನಿಯ ವಿಶ್ವಪಟ್ಟವನ್ನು ಗಳಿಸಿದ್ದು ಅದೇ ಮೊದಲು. ಸೆಪ್ಟೆಂಬರ್ 16ರ ವರೆಗೆ ಅದು ಆತನಲ್ಲಿತ್ತು. ನಮ್ಮ ದೇಶದ ಮಕ್ಕಳು ಹಿಗ್ಗಿ ಕುಣಿದ ಆ ಗೆಲುವಿನ ಹಿಂದೆ ಮೂವರು ಜಟ್ಟಿಗಳ ನೋವಿತ್ತು.

ಸರಪಣಿ ಅಲ್ಲಿಗೂ ಮುಗಿಯಲಿಲ್ಲ. ಕೆನಡಿಯ ಸ್ನಾಯು ಹರಿದೇ ಇರಲಿಲ್ಲ, ಒಳಗೆ ರಕ್ತ ಹೆಪ್ಪುಗಟ್ಟಿತ್ತು ಅಷ್ಟೆ ಎಂದು ಆಮೇಲೆ ಗೊತ್ತಾಯಿತು. ಆತ ಬೇಗನೆ ಮರಳಿದ, ಪೆಟ್ಟಿಗೆ ಮರಳಲಿಲ್ಲ. ಅಕ್ಟೋಬರ್ 1ರಂದು ಇದೇ ಕೆನಡಿಯೊಡನೆ ಸೆಣಸುವಾಗ ಜಾನ್ ಸೀನಾನ ಎದೆಯ ಸ್ನಾಯು ಹರಿಯಿತು. ಆತ ಕಾಳಗವನ್ನು ಮುಗಿಸಿಯೇ ಅಖಾಡದಿಂದ ಇಳಿದ. ಮರುದಿನ 380 ದಿನಗಳ ಆಳ್ವಿಕೆ ಕೊನೆಗೊಂಡಿತು. 2016ರ ಆಗಸ್ಟ್ 21ರಂದು ಪಟ್ಟ ಗೆದ್ದ ಫಿನ್ ಬಾಲೊರ್‌ನ ಭುಜ ಅದೇ ಕಾಳಗದಲ್ಲಿ ಕೀಲು ತಪ್ಪಿತ್ತು. ಆತ ಚಾಂಪಿಯನ್ ಆಗಿದ್ದುದು ಒಂದೇ ದಿನ.

ಇಲ್ಲಿ ಒಂದು ವಿಷಯವನ್ನು ಗಮನಿಸಬೇಕು. ಕತೆ ಬರೆಯುವವರಿಗೆ ಗಾಯ ಒಂದು ತೊಡಕು. ಒಂದು ವಾರದಲ್ಲಿ ಅದಕ್ಕೆ ಪರಿಹಾರ ಸಿಗುತ್ತದೆ, ಬೆಲ್ಟ್ ಇನ್ನೊಬ್ಬನ ಸೊಂಟಕ್ಕೆ ಹೋಗುತ್ತದೆ. ಗಾಯಗೊಂಡವನಿಗೆ ಹಾಗಲ್ಲ. ಎಡ್ಜ್ 2011ರ ಏಪ್ರಿಲ್‌ನಲ್ಲಿ ಕುತ್ತಿಗೆಯ ತೊಂದರೆಯಿಂದ ಪಟ್ಟವನ್ನೂ ವೃತ್ತಿಯನ್ನೂ ಬಿಡಬೇಕಾಯಿತು. ಮತ್ತೆ ಅಖಾಡ ಕಂಡದ್ದು 2020ರಲ್ಲಿ. ಆ ಕಂಪೆನಿ ತನ್ನ ಜಟ್ಟಿಗಳನ್ನು ನೌಕರರೆಂದು ಲೆಕ್ಕಿಸುವುದಿಲ್ಲ, ಸ್ವತಂತ್ರ ಗುತ್ತಿಗೆದಾರರೆಂದು ಬರೆದುಕೊಳ್ಳುತ್ತದೆ. ತಲೆಗೆ ಕುರ್ಚಿಯಿಂದ ಹೊಡೆಯುವುದನ್ನು ಅದು ನಿಷೇಧಿಸಿದ್ದು 2010ರಲ್ಲಿ. ಅಷ್ಟರೊಳಗೆ ಎಷ್ಟೋ ತಲೆಗಳು ಪೆಟ್ಟು ತಿಂದಾಗಿತ್ತು.

ಹಾಗಾಗಿ ‘ಸುಳ್ಳು’ ಎಂಬ ಒಂದೇ ಮಾತಿನಿಂದ ಈ ಆಟವನ್ನು ಅಳೆಯಲಾಗದು. ಮಕ್ಕಳು ಆ ಪಟ್ಟುಗಳನ್ನು ಅಂಗಳದಲ್ಲಿ ಅನುಕರಿಸಲು ಹೊರಟಾಗ, ಕತೆ ಕಟ್ಟಿದ್ದಾದರೂ ಮೂಳೆ ನಿಜವಾದದ್ದೆಂದು ಹೇಳಿಕೊಡುವುದು ಲೇಸು. ಇನ್ನು ಕೆನಡಿ: ತಪ್ಪಾಗಿ ಗುರುತಿಸಿದ ಒಂದು ಬಾವಿನಿಂದ ಕೈತಪ್ಪಿದ ಅವಕಾಶ ಆತನಿಗೆ ಹಾಗೆ ಮತ್ತೆ ಒದಗಲಿಲ್ಲ. 2009ರಲ್ಲಿ ಆತ ಆ ಕಂಪೆನಿಯಿಂದ ಹೊರಬಿದ್ದ. ಅದರ ವಿಶ್ವಪಟ್ಟಾವಳಿಯಲ್ಲಿ ಖಲಿಯ ಹೆಸರಿದೆ, ಎಡ್ಜ್‌ನ ಹೆಸರಿದೆ, ಕೆನಡಿಯ ಹೆಸರಿಲ್ಲ.