ಗಾಲಿಯ ಕಥೆ

ರೈಲು ದುರಂತವೆಂಬುದು ಪತ್ರಿಕೆಗಳಿಗೆ ನಾಲ್ಕು ದಿನದ ಸುದ್ದಿ. ಹಳಿ ಸರಿಯಾದೊಡನೆ ಬಂಡಿಗಳು ಮೊದಲಿನಂತೆ ಓಡುತ್ತವೆ. ಆದರೆ ಅದರಲ್ಲಿ ಬದುಕಿ ಉಳಿದವರ ಬಾಳು ಮುಂದೆ ಯಾವ ದಾರಿ ಹಿಡಿಯಿತು? ಈ ಪ್ರಶ್ನೆಯನ್ನು ಹಿಡಿದು ಹೊರಟ ಮೂಕಚಿತ್ರವೊಂದುಂಟು. ಫ್ರಾನ್ಸಿನ ಆಬೆಲ್ ಗಾನ್ಸ್ ನಿರ್ದೇಶಿಸಿದ 'ಲಾ ರೂ', ಎಂದರೆ ಗಾಲಿ. 1922ರ ಡಿಸೆಂಬರಿನಲ್ಲಿ ಅದು ಪ್ಯಾರಿಸಿನಲ್ಲಿ ಮೊದಲು ಪ್ರದರ್ಶಿತವಾಯಿತು.

ಚಿತ್ರ ಆರಂಭವಾಗುವುದೇ ರೈಲು ಅಪಘಾತದಿಂದ. ಸಿಸಿಫ್ ಎಂಬ ಎಂಜಿನ್ ಚಾಲಕ ಅವಶೇಷಗಳ ನಡುವೆ ಅನಾಥ ಹೆಣ್ಣು ಕೂಸೊಂದನ್ನು ಕಂಡು ಮನೆಗೆ ಒಯ್ಯುತ್ತಾನೆ. ನಾರ್ಮಾ ಎಂಬ ಆ ಕೂಸನ್ನು ಸ್ವಂತ ಮಗಳೆಂದೇ ಸಾಕುತ್ತಾನೆ. ಅವನ ಮಗ ಏಲಿ ಆಕೆಯನ್ನು ಒಡಹುಟ್ಟಿದವಳೆಂದೇ ನಂಬಿ ಬೆಳೆಯುತ್ತಾನೆ. ಪುಣ್ಯದ ಕೆಲಸ, ಆದರೆ ಅದರೊಳಗೆ ಒಂದು ಸುಳ್ಳು ಸೇರಿಕೊಂಡಿತು. ನಾರ್ಮಾ ಪ್ರಾಯಕ್ಕೆ ಬಂದಾಗ ಸಿಸಿಫನ ಮನಸ್ಸೇ ಕದಡುತ್ತದೆ. ಗುಟ್ಟನ್ನು ತಿಳಿದ ರೈಲ್ವೆ ಅಧಿಕಾರಿ ಹೆರ್ಸಾನ್, ಅದನ್ನೇ ಬೆದರಿಕೆಯಾಗಿಸಿ ಆಕೆಯನ್ನು ಮದುವೆಯಾಗುತ್ತಾನೆ. ನಿಜವನ್ನು ಮೊದಲೇ ಹೇಳಿದ್ದರೆ ತಾನೇ ಅವಳ ಕೈ ಹಿಡಿಯುತ್ತಿದ್ದೆನೆಂದು ಏಲಿ ತಂದೆಯನ್ನು ದೂರುವಾಗ ಕಾಲ ಮಿಂಚಿರುತ್ತದೆ. ಕೊನೆಗೆ ಹೆರ್ಸಾನನೂ ಏಲಿಯೂ ಕಾದಾಡಿ ಸಾಯುತ್ತಾರೆ. ಅಪಘಾತ ಕೆಲವು ನಿಮಿಷಗಳಲ್ಲಿ ಮುಗಿದಿತ್ತು. ಮುಚ್ಚಿಟ್ಟ ಮಾತು ವರ್ಷಗಟ್ಟಲೆ ಉರುಳಿ ಎರಡು ಜೀವಗಳನ್ನು ಬಲಿ ತೆಗೆದುಕೊಂಡಿತು.

ಸಿಸಿಫ್ ಎಂಬ ಹೆಸರು ಗ್ರೀಕ್ ಪುರಾಣದ ಸಿಸಿಫಸನನ್ನು ನೆನಪಿಸುತ್ತದೆ. ಬೆಟ್ಟಕ್ಕೆ ಬಂಡೆಯನ್ನು ಉರುಳಿಸುತ್ತ, ಅದು ಜಾರಿದಾಗಲೆಲ್ಲ ಮತ್ತೆ ಮೊದಲಿನಿಂದ ತೊಡಗಬೇಕೆಂಬ ಶಿಕ್ಷೆ ಅವನದು.

ಚಿತ್ರೀಕರಣ ನಡೆದದ್ದು ನೀಸ್ ನಗರದ ನಿಜವಾದ ರೈಲ್ವೆ ಯಾರ್ಡಿನಲ್ಲಿ, ಆಮೇಲೆ ಮಾಂ ಬ್ಲಾಂ ಪರ್ವತದ ಹಿಮದಲ್ಲಿ. ಗಾನ್ಸನ ಸಂಗಾತಿ ಇಡಾ ಡಾನಿಸ್ ಕ್ಷಯರೋಗದಿಂದ ನರಳುತ್ತಿದ್ದಳು, 1921ರಲ್ಲಿ ತೀರಿಕೊಂಡಳು. ಸಿಸಿಫನ ಪಾತ್ರಧಾರಿ ಸೆವೆರ‍್ಯಾಂ ಮಾರ್ಸ್ ಕೂಡ ಅದೇ ವರ್ಷ, ಚಿತ್ರ ತೆರೆಗೆ ಬರುವ ಮುನ್ನವೇ ಕಣ್ಮುಚ್ಚಿದ.

ರೇಡಿಯೋ ಕೇಳುವವರು ನೋಡದೆ ಕೇಳುತ್ತಾರೆ. ಮೂಕಚಿತ್ರದ ಪ್ರೇಕ್ಷಕರು ಮಾತು ಕೇಳದೆಯೇ ನೋಡಿದರು. ಎಂಜಿನ್ನಿನ ವೇಗವನ್ನು ಅವರಿಗೆ ಮುಟ್ಟಿಸಲು ಗಾನ್ಸ್ ಗಾಲಿ, ಹಳಿ, ಹೊಗೆ, ಮುಖ ಇವುಗಳ ತುಣುಕುಗಳನ್ನು ಕಣ್ಣೆವೆಯಿಕ್ಕುವಷ್ಟರಲ್ಲಿ ಒಂದರ ಹಿಂದೊಂದು ಜೋಡಿಸಿದ. ಪ್ರದರ್ಶನದ ಸಂಗೀತವನ್ನು ಅಣಿಗೊಳಿಸಿದವನು ಆರ್ಥರ್ ಒನೆಗರ್. 1923ರಲ್ಲಿ ಉಗಿಯೆಂಜಿನ್ನಿನ ಓಟವನ್ನೇ ವಾದ್ಯವೃಂದಕ್ಕೆ ತಂದ 'ಪ್ಯಾಸಿಫಿಕ್ 231' ಅವನದೇ ಕೃತಿ.

ಹಲವು ಬಾರಿ ಕತ್ತರಿಗೆ ಸಿಕ್ಕಿದ ಈ ಚಿತ್ರವನ್ನು 2019ರಲ್ಲಿ ಸುಮಾರು ಏಳು ಗಂಟೆಯ ಉದ್ದಕ್ಕೆ ಮತ್ತೆ ಕೂಡಿಸಲಾಯಿತು. ಅದರ ಕೊನೆಯಲ್ಲಿ ಕುರುಡನಾದ ಸಿಸಿಫ್ ಕಿಟಕಿಯ ಬಳಿ ಶಾಂತನಾಗಿ ಸಾಯುತ್ತಾನೆ. ಅವನ ಬಳಿಗೆ ಮರಳಿ ಬಂದಿದ್ದ ನಾರ್ಮಾ ಆ ಹೊತ್ತಿನಲ್ಲಿ ಹೊರಗೆ, ಹಿಮದ ಮೇಲೆ, ಬೆಟ್ಟದ ಜನರೊಡನೆ ಕೈ ಹಿಡಿದು ಸುತ್ತು ಕುಣಿಯುತ್ತಿರುತ್ತಾಳೆ.